ಗುರುವಾರದ ಮನೆ: ಜಯನಗರದ ಒಂದು ಕುಟುಂಬ ಆಪ್ತಸಮಾಲೋಚನಾ ಕೇಂದ್ರದಲ್ಲಿ ಒಂಬತ್ತು ಭೇಟಿಗಳು

2024ರ ಆಷಾಢದಿಂದ ದೀಪಾವಳಿಯವರೆಗೆ ನಮ್ಮ ಮನೆಯ ನಾಲ್ಕು ಜನ, ಅಂದರೆ ನಾನು, ನನ್ನ ಹೆಂಡತಿ, ಒಂಬತ್ತನೆಯ ತರಗತಿಯಲ್ಲಿ ಓದುತ್ತಿರುವ ಮಗ ಮತ್ತು ಎಪ್ಪತ್ತನಾಲ್ಕು ವರ್ಷದ ನನ್ನ ತಾಯಿ, ಜಯನಗರದ ಒಂದು ಅಡ್ಡರಸ್ತೆಯಲ್ಲಿರುವ ಖಾಸಗಿ ಆಪ್ತಸಮಾಲೋಚನಾ ಕೇಂದ್ರಕ್ಕೆ ಒಂಬತ್ತು ಬಾರಿ ಹೋಗಿಬಂದೆವು. ಆ ಸೇವೆಯಲ್ಲಿ ನಮಗೆ ಏನು ಸಿಕ್ಕಿತು, ಎಲ್ಲಿ ಅದು ಎಡವಿತು ಎಂಬುದನ್ನು, ಇಂಥದ್ದೇ ಯೋಚನೆಯಲ್ಲಿರುವ ಬೇರೆ ಮನೆಯವರಿಗೆ ಉಪಯೋಗವಾಗಲೆಂದು ಬರೆಯುತ್ತಿದ್ದೇನೆ. ಮಗನ ಖಾಸಗಿತನ ಉಳಿಯಬೇಕೆಂಬ ಕಾರಣಕ್ಕೆ ಕೇಂದ್ರದ ಹೆಸರನ್ನು ಹೇಳುವುದಿಲ್ಲ. ಹೆಸರಿಗಿಂತ ಅಲ್ಲಿ ಕೆಲಸ ನಡೆಯುವ ರೀತಿ ತಿಳಿದರೆ, ಊರಿನ ಯಾವುದೇ ಕೇಂದ್ರದ ಬಾಗಿಲಲ್ಲಿ ನಿಂತು ಏನನ್ನು ಕೇಳಬೇಕೆಂಬುದು ಓದುವವರಿಗೆ ಗೊತ್ತಾಗುತ್ತದೆ.

ಅಲ್ಲಿಗೆ ಹೋಗಲು ಕಾರಣವಾದದ್ದು ಮೇ ತಿಂಗಳ ಒಂದು ರಾತ್ರಿಯ ಊಟ. ಮಗ ತಟ್ಟೆಯಲ್ಲಿ ಅರ್ಧ ಅನ್ನ ಬಿಟ್ಟು ಎದ್ದ. ನಾನು ಅವನ ಕೆನ್ನೆಗೆ ಹೊಡೆದೆ. ತಟ್ಟೆ ನೆಲಕ್ಕೆ ಬಿತ್ತು, ಸಾರು ಗೋಡೆಗೆ ಸಿಡಿಯಿತು. ಮಾರನೆಯ ದಿನದಿಂದ ಅವನು ತಟ್ಟೆಯನ್ನು ಕೋಣೆಗೆ ತೆಗೆದುಕೊಂಡು ಹೋಗಿ, ಬಾಗಿಲು ಹಾಕಿಕೊಂಡು ಉಣ್ಣತೊಡಗಿದ. ಆರು ವಾರ ಇದೇ ನಡೆಯಿತು. ಅನ್ನ ಬಿಟ್ಟದ್ದಕ್ಕೆ ಏಟು ತಿನ್ನುವುದು ನಮ್ಮ ಮನೆಯಲ್ಲಿ ಹೊಸದಲ್ಲ. ನನ್ನ ತಂದೆ ನನಗೂ ಹಾಗೆಯೇ ಹೊಡೆಯುತ್ತಿದ್ದರು. ನಾನು ಅದನ್ನು ಶಿಸ್ತು ಎಂದೇ ನಂಬಿದ್ದೆ, ನಂಬಿದ್ದೇನೆಂದೂ ನನಗೆ ತಿಳಿದಿರಲಿಲ್ಲ. ನನ್ನ ಹೆಂಡತಿ ಬೇರೆ ಊರಿನಿಂದ, ಬೇರೆ ಬಗೆಯ ಮನೆಯಿಂದ ಬಂದವಳು. ಇದು ಇಲ್ಲಿಗೆ ನಿಲ್ಲಬೇಕು, ಇಲ್ಲದಿದ್ದರೆ ಮಗನನ್ನು ಕರೆದುಕೊಂಡು ತವರಿಗೆ ಹೋಗುತ್ತೇನೆ ಎಂದು ಅವಳು ಸ್ಪಷ್ಟವಾಗಿ ಹೇಳಿದ ಮೇಲೆ ನಾನು ಫೋನ್ ಮಾಡಿದೆ.

ನಾವು ಮೊದಲು ಯೋಚಿಸಿದ್ದು ನಿಮ್ಹಾನ್ಸ್ ಬಗ್ಗೆ. 1974ರಲ್ಲಿ ಹಳೆಯ ಮಾನಸಿಕ ಆಸ್ಪತ್ರೆ ಮತ್ತು ಅಖಿಲ ಭಾರತ ಮಾನಸಿಕ ಆರೋಗ್ಯ ಸಂಸ್ಥೆಗಳು ಸೇರಿ ಆದ ಆ ಸಂಸ್ಥೆಯಲ್ಲಿ 1977ರಿಂದಲೂ ಕುಟುಂಬ ಮನೋವೈದ್ಯಕೀಯ ಕೇಂದ್ರವೊಂದಿದೆ. ರೋಗಿಯೊಬ್ಬನನ್ನೇ ನೋಡದೆ ಇಡೀ ಮನೆಯನ್ನು ಕೂರಿಸಿಕೊಂಡು ಮಾತನಾಡಬೇಕೆಂಬ ತಿಳಿವಳಿಕೆ ದೇಶದ ಬೇರೆಡೆ ಇನ್ನೂ ಅಪರೂಪವಾಗಿದ್ದ ಕಾಲದಲ್ಲಿ ನಮ್ಮ ಊರಿನಲ್ಲಿ ಬೇರುಬಿಟ್ಟಿತ್ತು ಎಂಬುದು ನನಗೆ ಹೆಮ್ಮೆಯ ವಿಷಯ. ಖರ್ಚಿನ ದೃಷ್ಟಿಯಿಂದಲೂ ಖಾಸಗಿ ಕೇಂದ್ರಗಳನ್ನು ಅದರ ಪಕ್ಕದಲ್ಲಿಡಲು ಸಾಧ್ಯವಿಲ್ಲ. ಆದರೆ ಹೊಸೂರು ರಸ್ತೆಯ ಆ ಹೆಸರನ್ನು ಬೈಗುಳದಂತೆ ಬಳಸುವ ಕೆಟ್ಟ ಚಾಳಿ ಶಾಲೆಯ ಹುಡುಗರಲ್ಲಿದೆ. ಮಗ ಬಿಲ್‌ಕುಲ್ ಒಪ್ಪಲಿಲ್ಲ. ತಾಯಿಯೂ 'ನಾವೇನು ಹುಚ್ಚರೇನೋ' ಎಂದರು. ಹಾಗಾಗಿ ಜಯನಗರ.

ಕೇಂದ್ರವಿರುವುದು ಒಂದು ಹಳೆಯ ಮನೆಯ ಮೊದಲ ಮಹಡಿಯಲ್ಲಿ. ಲಿಫ್ಟ್ ಇಲ್ಲ, ಮೆಟ್ಟಿಲುಗಳು ಕಡಿದಾಗಿವೆ. ಮಂಡಿನೋವಿನ ನನ್ನ ತಾಯಿ ಪ್ರತಿಸಲವೂ ನಡುವೆ ನಿಂತು ಸುಧಾರಿಸಿಕೊಳ್ಳಬೇಕಾಯಿತು. ಒಬ್ಬರೇ ಕೂರುವ ಐವತ್ತು ನಿಮಿಷದ ಭೇಟಿಗೆ 1,500 ರೂಪಾಯಿ, ಮನೆಮಂದಿ ಸೇರಿ ಕೂರುವ ಎಂಬತ್ತು ನಿಮಿಷದ ಭೇಟಿಗೆ 2,200 ರೂಪಾಯಿ. ನಮ್ಮದು ಆರು ಕುಟುಂಬದ ಭೇಟಿ, ಮೂರು ನಾನೊಬ್ಬನೇ ಹೋದದ್ದು. ಒಟ್ಟು 17,700 ರೂಪಾಯಿ ಆಯಿತು. ಮಧ್ಯಮ ವರ್ಗದ ಮನೆಗೆ ಇದು ಸಣ್ಣ ಮೊತ್ತವಲ್ಲ. ಭಾನುವಾರದ ಸಮಯ ಮೂರು ವಾರ ಮೊದಲೇ ತುಂಬಿಹೋಗಿರುತ್ತದೆ.

ಮೊದಲ ದಿನ ಕೈಗೆ ಕೊಟ್ಟ ಆರು ಪುಟದ ನಮೂನೆ ಪೂರ್ತಿ ಇಂಗ್ಲಿಷಿನಲ್ಲಿತ್ತು. ಬೆಂಗಳೂರಿನಲ್ಲಿ, ಅದರಲ್ಲೂ ದಕ್ಷಿಣ ಬೆಂಗಳೂರಿನಲ್ಲಿ, ಮನಸ್ಸಿನ ಒಳಗಿನದನ್ನು ಹೇಳಲು ಬಂದವರ ಮುಂದೆ ಇಂಗ್ಲಿಷ್ ನಮೂನೆಯನ್ನು ಇಡುವುದು ಸಣ್ಣ ತಪ್ಪೆಂದು ನನಗೆ ಅನ್ನಿಸುವುದಿಲ್ಲ. ನನ್ನ ತಾಯಿ ಹತ್ತನೆಯ ತರಗತಿಯವರೆಗೆ ಓದಿದವರು, ದಿನವೂ ಕನ್ನಡ ಪತ್ರಿಕೆಯನ್ನು ಮೊದಲ ಪುಟದಿಂದ ಕೊನೆಯ ಪುಟದವರೆಗೆ ಓದುವವರು. ಅಲ್ಲಿ ಕುಳಿತು ಸೊಸೆಯ ಕೈಗೆ ಕಾಗದ ಕೊಟ್ಟು ಸುಮ್ಮನಾದರು. ಅದೃಷ್ಟಕ್ಕೆ ಒಳಗಿದ್ದ ಹಿರಿಯ ಆಪ್ತಸಮಾಲೋಚಕಿ ಆ ಕಾಗದವನ್ನು ಪಕ್ಕಕ್ಕಿಟ್ಟು, 'ಅಮ್ಮ, ಇದು ಆಮೇಲೆ ಆಗಲಿ, ನೀವು ಯಾವ ಊರಿನವರು?' ಎಂದು ಕೇಳಿದರು. ಮುಂದಿನ ಭೇಟಿಗಳಲ್ಲೂ ಅವರು ಕನ್ನಡ ಬಿಟ್ಟು ಬೇರೆ ಮಾತನಾಡಲಿಲ್ಲ. ಆಘಾತ ಎಂಬ ಪದವನ್ನೂ ಅವರು ಹೆಚ್ಚು ಬಳಸಲಿಲ್ಲ, ಟ್ರಾಮಾ ಎಂಬುದನ್ನಂತೂ ಇಲ್ಲವೇ ಇಲ್ಲ. 'ಒಳಗೆ ಬಿದ್ದ ಏಟು' ಎನ್ನುತ್ತಿದ್ದರು. ಏಟು ತಿಂದ ಮನೆಯವರಿಗೆ ಆ ಪದವನ್ನು ಯಾರೂ ವಿವರಿಸಬೇಕಾಗಲಿಲ್ಲ.

ಆರಂಭದಲ್ಲೇ ಅವರು ಎರಡು ಮಾತು ಹೇಳಿದರು, ಎರಡೂ ನನಗೆ ಸರಿಯೆನಿಸಿದವು. ಇಲ್ಲಿ ಆಡಿದ ಮಾತು ಗೋಪ್ಯವಾಗಿರುತ್ತದೆ, 2017ರ ಮಾನಸಿಕ ಆರೋಗ್ಯ ಕಾಯ್ದೆ ಆ ಹಕ್ಕನ್ನು ಕೊಟ್ಟಿದೆ ಎಂಬುದು ಮೊದಲನೆಯದು. ಮಗುವಿಗೆ ಅಪಾಯವಿದೆಯೆಂದು ಕಂಡರೆ ಆ ಗೋಪ್ಯತೆ ಉಳಿಯುವುದಿಲ್ಲ, ಲೈಂಗಿಕ ದೌರ್ಜನ್ಯದ ಸುಳಿವು ಸಿಕ್ಕರೆ 2012ರ ಪೋಕ್ಸೊ ಕಾಯ್ದೆಯ ಪ್ರಕಾರ ತಿಳಿಸಲೇಬೇಕು ಎಂಬುದು ಎರಡನೆಯದು. ಇದನ್ನು ಅವರು ನನ್ನ ಮುಖ ನೋಡಿಕೊಂಡಲ್ಲ, ಮಗನ ಮುಖ ನೋಡಿಕೊಂಡು ಹೇಳಿದರು. ಅವನು ಅವತ್ತು ಮೊದಲ ಬಾರಿಗೆ ತಲೆಯೆತ್ತಿದ.

ಈ ಸೇವೆಯ ತಿರುಳು ಎರಡನೆಯ ಭೇಟಿಯಲ್ಲಿ ಹಾಕಿದ ನಕ್ಷೆ. ದೊಡ್ಡ ಬಿಳಿ ಹಾಳೆಯ ಮೇಲೆ ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ, ತೀರಿಕೊಂಡವರ ಮೇಲೆ ಅಡ್ಡಗೀಟು. ಹೀಗೆ ನಾಲ್ಕು ತಲೆಮಾರನ್ನು ಬರೆದರು. ಕುಟುಂಬ ಚಿಕಿತ್ಸೆಯವರು ಬಹುಕಾಲದಿಂದ ಬಳಸುವ ಪದ್ಧತಿಯಿದು. ವಂಶವೃಕ್ಷದಲ್ಲಿ ಯಾರಿಗೆ ಯಾರು ಹುಟ್ಟಿದರು ಎಂದಷ್ಟೇ ಇರುತ್ತದೆ. ಇದರಲ್ಲಿ ಯಾರು ಯಾರೊಂದಿಗೆ ಮಾತು ಬಿಟ್ಟಿದ್ದರು, ಯಾರು ಯಾವ ವಯಸ್ಸಿನಲ್ಲಿ ತಾಯಿಯನ್ನು ಕಳೆದುಕೊಂಡರು, ಕುಡಿತ ಯಾವ ಕವಲಿನಲ್ಲಿತ್ತು, ಯಾರು ಯಾರಿಗೆ ಹೊಡೆಯುತ್ತಿದ್ದರು ಎಂಬುದನ್ನೆಲ್ಲ ಬೇರೆ ಬೇರೆ ಬಣ್ಣದ ಗೆರೆಗಳಲ್ಲಿ ತೋರಿಸುತ್ತಾರೆ. ನನ್ನಿಂದ ತಂದೆಗೆ ಎಳೆದ ಗೆರೆ ಕೆಂಪು. ಮಗನಿಂದ ನನಗೆ ಎಳೆದದ್ದೂ ಕೆಂಪು. ತಂದೆಯಿಂದ ತಾತನಿಗೆ ಯಾವ ಬಣ್ಣವೆಂದು ಕೇಳಿದಾಗ ನಾನು ಉತ್ತರಿಸಲಾರದೆ ಹೋದೆ. ನನಗೆ ನೆನಪಿರುವ ತಾತ ಯಾರಿಗೂ ಕೈಯೆತ್ತಿದವರಲ್ಲ. ಎದುರಿಗೆ ಯಾರಿದ್ದರೂ ತಲೆ ತಗ್ಗಿಸಿ, ಮಾತಿಲ್ಲದೆ, ಬೇಗ ಬೇಗ ಉಂಡು ಏಳುತ್ತಿದ್ದವರು.

ಆಗ ಸಮಾಲೋಚಕಿ ನನ್ನ ತಾಯಿಯ ಕಡೆ ತಿರುಗಿ, 'ಅಮ್ಮ, ನಿಮ್ಮ ಮಾವನವರು ಚಿಕ್ಕವರಿದ್ದಾಗ ಊಟ ಎಲ್ಲಿ?' ಎಂದು ಕೇಳಿದರು.

ತಾತ ಹುಟ್ಟಿದ್ದು 1910ರಲ್ಲಿ, ಕುಣಿಗಲ್ ಕಡೆಯ ಒಂದು ಹಳ್ಳಿಯಲ್ಲಿ. 1918ರ ಇನ್‌ಫ್ಲುಯೆಂಜಾದಲ್ಲಿ ಅವರ ತಾಯಿ ತೀರಿಕೊಂಡರು. ದೇಶದಲ್ಲಿ ಒಂದು ಕೋಟಿಗೂ ಹೆಚ್ಚು ಜನರನ್ನು ಬಲಿ ತೆಗೆದುಕೊಂಡ ಆ ಜ್ವರ ಮೈಸೂರು ಸೀಮೆಯ ಊರೂರಿನಲ್ಲಿ ಬಿಟ್ಟುಹೋದ ಅನಾಥ ಮಕ್ಕಳ ಲೆಕ್ಕವನ್ನು ಯಾರೂ ಮನೆಯಲ್ಲಿ ಮಾತನಾಡುವುದಿಲ್ಲ. ಇದಕ್ಕೆ ಇಪ್ಪತ್ತು ವರ್ಷ ಹಿಂದೆ, 1898ರಲ್ಲಿ, ಬೆಂಗಳೂರಿಗೆ ಬಂದ ಪ್ಲೇಗಿನ ಗುರುತಾದರೂ ಊರಿನ ಮೇಲೆ ಉಳಿದಿದೆ; ಇಕ್ಕಟ್ಟಿನ ಪೇಟೆಯಿಂದ ಜನರನ್ನು ಹೊರಗೆ ಕಳಿಸಬೇಕೆಂಬ ಒತ್ತಡದಲ್ಲಿ ಬೆಳೆದ ಬಸವನಗುಡಿ, ಮಲ್ಲೇಶ್ವರಗಳ ಅಗಲವಾದ ಬೀದಿಗಳಲ್ಲಿ ನಾವು ಇಂದಿಗೂ ಓಡಾಡುತ್ತೇವೆ, ಪ್ಲೇಗಿನಮ್ಮನ ಗುಡಿಗಳಿಗೆ ಕೈಮುಗಿಯುತ್ತೇವೆ. ಊರು ತನ್ನ ರೋಗವನ್ನು ನೆನಪಿಟ್ಟುಕೊಂಡಷ್ಟು ಮನೆಗಳು ತಮ್ಮದನ್ನು ನೆನಪಿಟ್ಟುಕೊಳ್ಳಲಿಲ್ಲ ಎಂದು ಆ ಹಾಳೆಯ ಮುಂದೆ ಕುಳಿತಾಗ ನನಗೆ ಅನ್ನಿಸಿತು.

ಹನ್ನೊಂದನೆಯ ವಯಸ್ಸಿನಲ್ಲಿ ತಾತನನ್ನು ಓದಲು ಬೆಂಗಳೂರಿಗೆ ಕಳಿಸಿದರು. ಚಾಮರಾಜಪೇಟೆಯ ಪರಿಚಯಸ್ಥರೊಬ್ಬರ ಜಗಲಿಯಲ್ಲಿ ಮಲಗುವುದು, ಊಟಕ್ಕೆ ವಾರಾನ್ನ. ಸೋಮವಾರ ಒಂದು ಮನೆ, ಮಂಗಳವಾರ ಇನ್ನೊಂದು ಮನೆ. ವಾರಾನ್ನದಿಂದ ಓದಿ ಮುಂದೆ ಬಂದವರ ಕಥೆಗಳನ್ನು ನಾವು ಅಭಿಮಾನದಿಂದಲೇ ಹೇಳಿಕೊಂಡು ಬಂದಿದ್ದೇವೆ, ಆ ಮನೆಗಳ ಔದಾರ್ಯವೂ ಸುಳ್ಳಲ್ಲ. ಆದರೆ ತಾಯಿಯಿಲ್ಲದ ಹನ್ನೊಂದು ವರ್ಷದ ಹುಡುಗ ದಿನಕ್ಕೊಂದು ಹೊಸ್ತಿಲಿನಲ್ಲಿ ನಿಂತು, ಕರೆಯುವವರೆಗೆ ಕಾದು, ಬಡಿಸಿದ್ದಕ್ಕಿಂತ ಹೆಚ್ಚು ಕೇಳದೆ, ಎಲೆಯಲ್ಲಿ ಒಂದು ಅಗುಳನ್ನೂ ಬಿಡದೆ, ಯಾರಿಗೂ ಹೊರೆಯಾಗದಂತೆ ಬೇಗ ಎದ್ದು ಹೋಗುವುದನ್ನು ಎಂಟು ವರ್ಷ ಕಲಿತರೆ, ಅವನ ಮೈ ಆ ಪಾಠವನ್ನು ಮರೆಯುವುದಾದರೂ ಹೇಗೆ?

ಇಷ್ಟು ನನಗೆ ಅಲ್ಪಸ್ವಲ್ಪ ಗೊತ್ತಿತ್ತು. ಗೊತ್ತಿಲ್ಲದ್ದನ್ನು ತಾಯಿ ಆ ದಿನ ಹೇಳಿದರು. ನಮ್ಮ ಮನೆಯಲ್ಲಿ ಗುರುವಾರ ಒಪ್ಪತ್ತು. ರಾಯರ ವಾರವೆಂದು ತಾತ ಇಡೀ ಹಗಲು ಉಣ್ಣುತ್ತಿರಲಿಲ್ಲ, ತಂದೆಯೂ ಹಾಗೆಯೇ ಮಾಡಿದರು, ನಾನೂ ಮಾಡುತ್ತೇನೆ. 1973ರಲ್ಲಿ, ನಾನು ತಾಯಿಯ ಹೊಟ್ಟೆಯಲ್ಲಿದ್ದಾಗ, ಹೊಸ ಸೊಸೆಯಾದ ಅವರೂ ಮನೆಯವರಂತೆ ಗುರುವಾರ ಉಪವಾಸವಿದ್ದರು. ಸೊಸೆಯೊಂದಿಗೆ ಎಂದೂ ನೇರವಾಗಿ ಮಾತನಾಡದ ತಾತ ಅಡುಗೆಮನೆಯ ಬಾಗಿಲಿಗೆ ಬಂದು, ಒಳಗೆ ನೋಡದೆ, 'ನೀನು ಊಟ ಮಾಡಮ್ಮ. ನನಗೆ ಗುರುವಾರಕ್ಕೆ ಮನೆ ಸಿಕ್ಕಿರಲಿಲ್ಲ, ಅಷ್ಟೆ' ಎಂದು ಹೇಳಿ ಹೋದರಂತೆ.

ಆರು ಮನೆ ಸಿಕ್ಕಿದ್ದವು, ಏಳನೆಯದು ಸಿಕ್ಕಿರಲಿಲ್ಲ. ಹಸಿದಿದ್ದೇನೆಂದು ಹೇಳಲು ನಾಚಿ ಹುಡುಗ ಅದನ್ನು ವ್ರತವೆಂದ. ನೂರು ವರ್ಷ ಅದು ವ್ರತವಾಗಿಯೇ ಉಳಿಯಿತು. ಐವತ್ತೊಂದು ವರ್ಷ ಈ ಮಾತನ್ನು ಯಾಕಮ್ಮ ಹೇಳಲಿಲ್ಲ ಎಂದು ನಾನು ಕೇಳಿದೆ. 'ಯಾರು ಕೇಳಿದ್ರೋ?' ಎಂದರು.

ಇದೊಂದು ಪ್ರಶ್ನೆಗಾಗಿಯೇ ನಾನು 17,700 ರೂಪಾಯಿಯನ್ನು ಮತ್ತೆ ಕೊಡಬಲ್ಲೆ. ತಾಯಿ ಅಂದು ಇನ್ನೂ ಎರಡು ಸಂಗತಿ ಹೇಳಿದರು. 1985ರಲ್ಲಿ ತಾತ ತೀರಿಕೊಂಡಾಗ ಅವರ ಮಂಚದ ಕೆಳಗೆ ಅವಲಕ್ಕಿ ತುಂಬಿದ ಡಬ್ಬಿ ಸಿಕ್ಕಿತ್ತು. ಆಗ ಹನ್ನೆರಡು ವರ್ಷದವನಾಗಿದ್ದ ನನಗೂ ಆ ಡಬ್ಬಿಯ ನೆನಪಿದೆ. ವಯಸ್ಸಾದವರ ಅಭ್ಯಾಸವೆಂದು ಎಲ್ಲರೂ ಸುಮ್ಮನಾಗಿದ್ದರು. ಎರಡನೆಯ ಸಂಗತಿ, ಅನ್ನ ಬಿಟ್ಟದ್ದಕ್ಕೆ ನನ್ನ ತಂದೆ ನನ್ನ ಬೆನ್ನಿಗೆ ಹೊಡೆಯುವಾಗಲೆಲ್ಲ ತಾತ ತಮ್ಮ ತಟ್ಟೆಯನ್ನು ಎತ್ತಿಕೊಂಡು ಹಿತ್ತಿಲಿಗೆ ಹೋಗಿ, ಬಾವಿಕಟ್ಟೆಯ ಮೇಲೆ ಕುಳಿತು ಊಟ ಮುಗಿಸುತ್ತಿದ್ದರಂತೆ. ಸಮಾಲೋಚಕಿ ಏನೂ ಹೇಳದೆ ಹಾಳೆಯಲ್ಲಿ ತಾತನ ಚೌಕದ ಪಕ್ಕ ಒಂದು ಪುಟ್ಟ ತಟ್ಟೆ ಬರೆದು, ನನ್ನ ಮಗನ ಚೌಕದ ಪಕ್ಕ ಇನ್ನೊಂದು ತಟ್ಟೆ ಬರೆದರು. ತಾನು ಹುಟ್ಟುವ ಇಪ್ಪತ್ತೈದು ವರ್ಷ ಮೊದಲೇ ಹೋದ ಮುತ್ತಾತನಂತೆ ಮಗ ತಟ್ಟೆ ಎತ್ತಿಕೊಂಡು ಹೋಗುತ್ತಿದ್ದ. ಅವನು ಆ ಎರಡು ತಟ್ಟೆಗಳನ್ನು ಬಹಳ ಹೊತ್ತು ನೋಡಿದ.

ಇಲ್ಲಿ ಒಂದು ಎಚ್ಚರಿಕೆ ಹೇಳಬೇಕು. ಕಾಯುವ ಕೋಣೆಯಲ್ಲಿ ಇಟ್ಟಿರುವ ಕರಪತ್ರದಲ್ಲಿ 'ನಿಮ್ಮ ಅಜ್ಜನ ನೋವು ನಿಮ್ಮ ವಂಶವಾಹಿಯಲ್ಲಿ ಬರೆದಿದೆ' ಎಂಬ ಅರ್ಥದ ಸಾಲು ದಪ್ಪಕ್ಷರದಲ್ಲಿದೆ. ಇದನ್ನು ಕೇಂದ್ರದವರು ತೆಗೆಯಬೇಕು. ನಾನು ಈ ವಿಷಯವನ್ನು ಆಮೇಲೆ ಕೈಲಾದಷ್ಟು ಓದಿಕೊಂಡೆ. ರೇಚಲ್ ಯೆಹೂದಾ ಅವರ ತಂಡ 2016ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಯಹೂದಿ ನರಮೇಧದಿಂದ ಬದುಕುಳಿದ 32 ಜನರಲ್ಲೂ ಅವರ 22 ಮಕ್ಕಳಲ್ಲೂ ಒತ್ತಡಕ್ಕೆ ಸಂಬಂಧಿಸಿದ ಒಂದು ವಂಶವಾಹಿಯ ಮೇಲಿನ ರಾಸಾಯನಿಕ ಗುರುತುಗಳಲ್ಲಿ ವ್ಯತ್ಯಾಸ ಕಂಡಿತ್ತು. ಆದರೆ ಅಷ್ಟು ಕಡಿಮೆ ಜನರಿಂದ, ಅದು ರಕ್ತದಲ್ಲಿ ಬಂತೋ ಆ ತಂದೆತಾಯಿಯ ಜೊತೆ ಬೆಳೆದದ್ದರಿಂದ ಬಂತೋ ಎಂದು ತೀರ್ಮಾನಿಸಲಾಗದು. 1944-45ರ ಚಳಿಗಾಲದಲ್ಲಿ ಹಾಲೆಂಡಿನ ಕ್ಷಾಮದ ವೇಳೆ ಗರ್ಭದಲ್ಲಿದ್ದವರ ವಂಶವಾಹಿಯಲ್ಲಿ ಆರು ದಶಕಗಳ ನಂತರವೂ ಗುರುತು ಉಳಿದಿತ್ತು ಎಂದು 2008ರ ಅಧ್ಯಯನ ತೋರಿಸಿತು. ಅವರಾದರೋ ತಾವೇ ಆ ಹಸಿವನ್ನು ಗರ್ಭದಲ್ಲಿ ಉಂಡವರು, ಮೊಮ್ಮಕ್ಕಳಲ್ಲ. ಇವೆಲ್ಲಕ್ಕಿಂತ ನನ್ನ ಮನಸ್ಸಿನಲ್ಲಿ ನಿಂತದ್ದು ಕೆನಡಾದ ಮಾಂಟ್ರಿಯಲ್‌ನಲ್ಲಿ ಮೈಕಲ್ ಮೀನಿ ಅವರ ತಂಡ ಇಲಿಗಳ ಮೇಲೆ ಮಾಡಿದ ಕೆಲಸ. ಮರಿಗಳನ್ನು ಹೆಚ್ಚು ನೆಕ್ಕಿ ಸಾಕುವ ತಾಯಿಯ ಮರಿಗಳು ದೊಡ್ಡವಾದ ಮೇಲೆ ಒತ್ತಡವನ್ನು ತಾಳಿಕೊಳ್ಳುತ್ತವೆ, ಕಡಿಮೆ ನೆಕ್ಕುವ ತಾಯಿಯ ಮರಿಗಳು ಬೇಗ ಬೆದರುತ್ತವೆ. ಆದರೆ ಹುಟ್ಟಿದೊಡನೆ ಮರಿಗಳನ್ನು ಅದಲುಬದಲು ಮಾಡಿದರೆ ಅವು ಹೆತ್ತವಳಂತಲ್ಲ, ಸಾಕಿದವಳಂತೆ ಆಗುತ್ತವೆ. ಹೆಣ್ಣುಮರಿಗಳು ಮುಂದೆ ತಾವು ತಾಯಿಯಾದಾಗಲೂ ಸಾಕಿದವಳಂತೆಯೇ ನೆಕ್ಕುತ್ತವೆ. ಕರಪತ್ರದ ಸಾಲನ್ನು ಓದಿದ ತಂದೆಯೊಬ್ಬ, ಇದು ರಕ್ತದಲ್ಲೇ ಇದೆ, ನಾನೇನು ಮಾಡಲಿ ಎಂದು ಮನೆಗೆ ಹೋಗಬಹುದು. ನಾನೂ ಒಂದು ವಾರ ಹಾಗೆ ಅಂದುಕೊಂಡೆ. ಮುಂದಿನ ಭೇಟಿಯಲ್ಲಿ ಸಮಾಲೋಚಕಿ ಅದನ್ನು ನೇರವಾಗಿ ಅಲ್ಲಗಳೆದರು: ನಮ್ಮ ಮನೆಯಲ್ಲಿ ಇಳಿದು ಬಂದದ್ದು ಊಟದ ಹೊತ್ತಿನಲ್ಲಿ ದೊಡ್ಡವರ ಮೈಯಲ್ಲಿ ಹುಟ್ಟುವ ಭಯ, ಮಕ್ಕಳು ಅದನ್ನು ಕಣ್ಣಾರೆ ಕಂಡು ಕಲಿತರು ಎಂದರು. ಒಂದೇ ಸಂಸ್ಥೆಯೊಳಗೆ ಕರಪತ್ರ ಒಂದು ಹೇಳಿ, ಕೆಲಸ ಬಲ್ಲವರು ಇನ್ನೊಂದು ಹೇಳುವಂತೆ ಇರಬಾರದು.

ಬಾಲ್ಯದ ಕಹಿ ಅನುಭವಗಳನ್ನು ಎಣಿಸಲು ಅವರು ಬಳಸುವ ಹತ್ತು ಪ್ರಶ್ನೆಗಳ ಪಟ್ಟಿಯ ಬಗ್ಗೆಯೂ ನನ್ನದೊಂದು ತಕರಾರಿದೆ. ವಿನ್ಸೆಂಟ್ ಫೆಲಿಟ್ಟಿ ಮತ್ತು ರಾಬರ್ಟ್ ಆಂಡಾ ಅವರ ತಂಡ 1998ರಲ್ಲಿ ಅಮೆರಿಕದ ಸ್ಯಾನ್ ಡಿಯಾಗೋದ 9,508 ವಯಸ್ಕರ ಉತ್ತರಗಳನ್ನು ಪರಿಶೀಲಿಸಿ ಪ್ರಕಟಿಸಿದ ಅಧ್ಯಯನದಿಂದ ಬೆಳೆದ ಪಟ್ಟಿಯದು. ಅರ್ಧಕ್ಕಿಂತ ಹೆಚ್ಚು ಜನ ಬಾಲ್ಯದಲ್ಲಿ ಇಂಥ ಒಂದಾದರೂ ಕಹಿ ಅನುಭವವಿತ್ತೆಂದು ಹೇಳಿದ್ದರು. ನಾಲ್ಕು ಅಥವಾ ಹೆಚ್ಚು ಬಗೆಯ ಅನುಭವವಿದ್ದವರಲ್ಲಿ ಕುಡಿತ, ಖಿನ್ನತೆ, ಆತ್ಮಹತ್ಯೆಯ ಪ್ರಯತ್ನಗಳ ಅಪಾಯ, ಯಾವುದೂ ಇಲ್ಲದವರಿಗಿಂತ 4ರಿಂದ 12 ಪಟ್ಟು ಹೆಚ್ಚಿತ್ತು. ಬಾಲ್ಯದ ಏಟು ಮನಸ್ಸಿನಲ್ಲಷ್ಟೇ ಅಲ್ಲ, ಹೃದಯದಲ್ಲೂ ಯಕೃತ್ತಿನಲ್ಲೂ ಕಾಣಿಸಿಕೊಳ್ಳುತ್ತದೆಂದು ವೈದ್ಯರಿಗೆ ಮನಗಾಣಿಸಿದ ಕೆಲಸವದು, ಅದರ ಬೆಲೆಯನ್ನು ನಾನು ಕಡಿಮೆ ಮಾಡುತ್ತಿಲ್ಲ. ಆದರೆ ಆ ಹತ್ತರಲ್ಲಿ ತಂದೆತಾಯಿ ಬೇರೆಯಾದರೇ ಎಂಬ ಪ್ರಶ್ನೆಯಿದೆ, ತಾಯಿ ಸತ್ತರೇ ಎಂಬುದಿಲ್ಲ. ವಿಶ್ವ ಆರೋಗ್ಯ ಸಂಸ್ಥೆ ಬೇರೆ ಬೇರೆ ದೇಶಗಳಿಗಾಗಿ ರೂಪಿಸಿದ ದೊಡ್ಡ ಪಟ್ಟಿಯಲ್ಲಿ ಹೆತ್ತವರ ಸಾವು, ಓರಗೆಯವರ ಕಿರುಕುಳ, ಬೀದಿಯ ಹಿಂಸೆ ಎಲ್ಲವೂ ಸೇರಿವೆ. ನಮ್ಮಲ್ಲಿ ಅದನ್ನೇ ಬಳಸುವುದು ಉಚಿತ. ಅಲ್ಲದೆ ನನ್ನ ಅಂಕ ಮೂರು ಎಂದು ಒಬ್ಬ ಸಹಾಯಕ ಚೀಟಿಯ ಮೇಲೆ ಬರೆದುಕೊಟ್ಟದ್ದು ರಕ್ತದ ಸಕ್ಕರೆಯ ವರದಿಯಂತಿತ್ತು. ಈ ಅಂಕವನ್ನು ಒಬ್ಬೊಬ್ಬರ ಭವಿಷ್ಯ ಹೇಳಲು ಬಳಸಬಾರದೆಂದು ಆಂಡಾ ಅವರೇ 2020ರಲ್ಲಿ ಎಚ್ಚರಿಸಿದ್ದಾರೆ.

ಐದನೆಯ ಭೇಟಿ ಕೆಟ್ಟದಾಗಿತ್ತು. ಹಿರಿಯರು ಊರಿನಲ್ಲಿರಲಿಲ್ಲ, ನಮಗೆ ಮೊದಲೇ ತಿಳಿಸದೆ ಬೇರೊಬ್ಬ ಕಿರಿಯ ಸಮಾಲೋಚಕರನ್ನು ಕೂರಿಸಿದ್ದರು. ಅವರು ನಮ್ಮ ನಕ್ಷೆಯನ್ನು ನೋಡಿರಲಿಲ್ಲ. ಅರ್ಧ ಗಂಟೆ ಮಾತನಾಡಿಸಿ, ತಂದೆಯ ಕಷ್ಟ ಈಗ ಅರ್ಥವಾಯಿತಲ್ಲ, ಅವರನ್ನು ಕ್ಷಮಿಸಿ ತಬ್ಬಿಕೋ ಎಂದು ಮಗನಿಗೆ ಹೇಳಿದರು. ಅವನು ಎದ್ದು ಕೆಳಗಿಳಿದು, ರಸ್ತೆಯಲ್ಲಿ ಕಾರಿನ ಪಕ್ಕ ನಿಂತ. ಆ ವಾರ ಮತ್ತೆ ಕೋಣೆಯ ಬಾಗಿಲು ಮುಚ್ಚಿತು. ಹೊಡೆಸಿಕೊಂಡ ಮಗುವಿನ ಕೈಯಿಂದಲೇ ಹೊಡೆದವನನ್ನು ಸಮಾಧಾನ ಮಾಡಿಸುವುದು ನಮ್ಮ ಮನೆಗಳಲ್ಲಿ ಎಂದಿನಿಂದಲೂ ನಡೆದು ಬಂದದ್ದೇ; ಅಪ್ಪನ ಕಾಲು ಹಿಡಿದು ತಪ್ಪಾಯಿತು ಅನ್ನು ಎಂದು ನನಗೂ ಹೇಳಿದ್ದರು. ಅದನ್ನು ಬಿಡಿಸಲೆಂದು ಹಣ ಕೊಟ್ಟು ಹೋದ ಜಾಗದಲ್ಲೂ ಅದನ್ನೇ ಮಾಡಿಸಿದರೆ ಹೇಗೆ? ನಾನು ಲಿಖಿತ ದೂರು ಕೊಟ್ಟೆ. ಹಿರಿಯರು ಎರಡು ದಿನದಲ್ಲಿ ಫೋನ್ ಮಾಡಿ, ನನ್ನೊಂದಿಗೆ ಮಾತನಾಡುವ ಮೊದಲು ಮಗನನ್ನು ಕೇಳಿ, ಅವನ ಕ್ಷಮೆ ಕೋರಿದರು. ತಪ್ಪು ನಡೆಯಬಾರದಿತ್ತು, ಆದರೆ ಅದನ್ನು ಒಪ್ಪಿಕೊಂಡ ರೀತಿಯನ್ನು ನಾನು ಗೌರವಿಸುತ್ತೇನೆ.

ನಾನೊಬ್ಬನೇ ಹೋದ ಮೂರು ಭೇಟಿಗಳು ಈ ಸೇವೆಯ ಅತ್ಯುತ್ತಮ ಭಾಗ. ಹೊಡೆದದ್ದು ಯಾಕೆ ಎಂದು ಅವರು ಕೇಳಲಿಲ್ಲ. ಕೈ ಏಳುವ ಮೊದಲಿನ ಕ್ಷಣದಲ್ಲಿ ಮೈಯಲ್ಲಿ ಏನಾಗುತ್ತದೆ ಎಂದು ಕೇಳಿದರು. ನನಗೆ ಗೊತ್ತಿರಲಿಲ್ಲ. ಎರಡು ವಾರ ಪ್ರತಿ ಊಟದಲ್ಲೂ ಗಮನಿಸಿ ಬರೆದುಕೊಂಡು ಬರಲು ಹೇಳಿದರು. ಬರೆದೆ: ಮಗ ನಿಧಾನವಾಗಿ ಅನ್ನ ಕಲಸತೊಡಗಿದರೆ ನನ್ನ ಹೊಟ್ಟೆ ಬಿಗಿಯುತ್ತದೆ, ಭುಜ ಮೇಲೇರುತ್ತದೆ, ಕಿವಿ ಬಿಸಿಯಾಗುತ್ತದೆ, ಅದು ಕೋಪಕ್ಕಿಂತ ಮೊದಲು ಬರುವ ಭಯ. ಬೆದರಿದ ಮೈ ಕ್ಷಣಾರ್ಧದಲ್ಲಿ ಹೊಡೆದಾಟಕ್ಕೋ ಓಟಕ್ಕೋ ಅಣಿಯಾಗುತ್ತದೆ, ಹಾರ್ಮೋನುಗಳು ರಕ್ತಕ್ಕೆ ನುಗ್ಗುತ್ತವೆ, ಬಾಲ್ಯದಲ್ಲಿ ಮತ್ತೆ ಮತ್ತೆ ಬೆದರಿದವರಲ್ಲಿ ಈ ಎಚ್ಚರಿಕೆಯ ಗಂಟೆ ಸಣ್ಣ ಸದ್ದಿಗೂ ಬಾರಿಸುತ್ತದೆ ಎಂದು ಅವರು ವಿವರಿಸಿದರು. ಭುಜ ಮೇಲೇರಿದ್ದು ತಿಳಿದ ಕೂಡಲೇ ಎದ್ದು ಹೋಗಿ ನೀರು ಕುಡಿದು ಬರಬೇಕು, ಮಗನ ತಟ್ಟೆಯನ್ನು ನೋಡುವ ಕೆಲಸ ಇನ್ನು ನನ್ನದಲ್ಲ, ಬೇಕಾದಷ್ಟನ್ನು ಅವನೇ ಬಡಿಸಿಕೊಳ್ಳಲಿ. ಇಷ್ಟೇ ಅವರು ಕೊಟ್ಟ ಮದ್ದು. ಇದು ಕೇಳಲು ಸುಲಭ. ನಾನು ಮೊದಲ ತಿಂಗಳಲ್ಲಿ ಕೆಲವು ರಾತ್ರಿ ನಾಲ್ಕೈದು ಬಾರಿ ಎದ್ದು ನೀರು ಕುಡಿದಿದ್ದೇನೆ.

ಕ್ಷಮೆ ಕೇಳುವುದನ್ನೂ ಅವರೇ ಕಲಿಸಿದರು, ಮತ್ತು ಅದು ಅಭ್ಯಾಸ ಮಾಡಬೇಕಾದ ವಿದ್ಯೆಯೆಂದು ನನಗೆ ತಿಳಿದಿರಲಿಲ್ಲ. 'ನಾನು ಹೊಡೆದದ್ದು ತಪ್ಪು' ಎಂದು ಹೇಳಿ ಅಲ್ಲಿಗೆ ನಿಲ್ಲಿಸಬೇಕು. 'ಆದರೆ' ಎಂಬ ಪದ ಬರಕೂಡದು. ತಾತನ ವಾರಾನ್ನವನ್ನೂ ಅಲ್ಲಿ ತರಕೂಡದು. ಅದು ನನಗೆ ತಿಳಿದುಕೊಳ್ಳಲು ಇರುವುದೇ ಹೊರತು ಮಗನ ಮುಂದೆ ಸಾಕ್ಷಿಯಾಗಿ ನಿಲ್ಲಿಸಲು ಅಲ್ಲ ಎಂದು ಅವರು ಕಟ್ಟುನಿಟ್ಟಾಗಿ ಹೇಳಿದರು. ಆ ವಾಕ್ಯವನ್ನು 'ಆದರೆ' ಇಲ್ಲದೆ ಮುಗಿಸಲು ನನಗೆ ಮೂರು ಪ್ರಯತ್ನ ಬೇಕಾದವು. ಮೂರನೆಯ ಸಲ ಮಗ 'ಹೂಂ' ಎಂದ. ಅದಕ್ಕಿಂತ ಹೆಚ್ಚನ್ನು ನಿರೀಕ್ಷಿಸಬೇಡಿ ಎಂದು ಸಮಾಲೋಚಕಿ ಮೊದಲೇ ಹೇಳಿದ್ದರಿಂದ ನಾನು ಅಷ್ಟಕ್ಕೆ ಸುಮ್ಮನಾದೆ.

ಕಟ್ಟಡದ ಬಗ್ಗೆ ಇನ್ನೊಂದು ದೂರಿದೆ, ಅದು ಗಂಭೀರವಾದದ್ದು. ಎರಡು ಕೋಣೆಗಳ ನಡುವಿನ ಗೋಡೆ ಬರೀ ಪ್ಲೈವುಡ್. ಹೊರಗೆ ಕುಳಿತಿದ್ದಾಗ ಒಳಗೆ ಒಬ್ಬ ಹೆಣ್ಣುಮಗಳು ಅಳುತ್ತಾ ಹೇಳುತ್ತಿದ್ದ ಮಾತುಗಳು ನಮಗೆ ಕೇಳಿಸಿದವು. ನಾವು ಎದ್ದು ಮೆಟ್ಟಿಲಿಗೆ ಹೋಗಿ ನಿಂತೆವು. ಕಾಯ್ದೆಯ ಮಾತು ಹೇಳಿ ಗೋಪ್ಯತೆಯ ಭರವಸೆ ಕೊಡುವ ಕೇಂದ್ರ ಮೊದಲು ಈ ಗೋಡೆಯನ್ನು ಸರಿಪಡಿಸಬೇಕು. ಹಿರಿಯ ಸಮಾಲೋಚಕಿಗೆ ನಾನು ಐದಕ್ಕೆ ಐದು ಕೊಡುತ್ತೇನೆ, ಕೇಂದ್ರದ ವ್ಯವಸ್ಥೆಗೆ ಮೂರನ್ನು ದಾಟಲಾರೆ.

ಯಾರು ಇಂಥ ಕಡೆ ಹೋಗಬೇಕು ಎಂದು ಕೆಲವರು ಕೇಳಿದ್ದಾರೆ. ಹೊಡೆತ ಈಗಲೂ ನಡೆಯುತ್ತಿರುವ, ಮಗುವಿಗೋ ಹೆಂಡತಿಗೋ ಪ್ರಾಣಭಯವಿರುವ ಮನೆಗೆ ನಾಲ್ಕು ತಲೆಮಾರಿನ ನಕ್ಷೆ ಮೊದಲ ಕೆಲಸವಲ್ಲ. ಅಲ್ಲಿ ಮೊದಲು ಬೇಕಾದದ್ದು ರಕ್ಷಣೆ: ಮಕ್ಕಳಿಗೆ 1098, ತುರ್ತು ನೆರವಿಗೆ 112. ಖಾಸಗಿ ಶುಲ್ಕ ಭರಿಸಲಾರದವರಿಗೆ ಸರ್ಕಾರದ ಟೆಲಿ ಮಾನಸ್ ಸಂಖ್ಯೆ 14416 ಇದೆ. 2022ರ ಅಕ್ಟೋಬರ್ 10ರಂದು ಆರಂಭವಾದ ಆ ಉಚಿತ ಸೇವೆ ಕನ್ನಡದಲ್ಲೂ ದೊರೆಯುತ್ತದೆ. ನಿಮ್ಹಾನ್ಸ್ ಹೆಸರಿಗೆ ನಾವು ಅಂಜಿದಂತೆ ಬೇರೆಯವರು ಅಂಜಬೇಕಾಗಿಲ್ಲ ಎಂದೂ ಈಗ ನನಗೆ ಅನ್ನಿಸುತ್ತದೆ. ಮಕ್ಕಳಿಗೆ ಹೊಡೆಯುವುದು ನಮ್ಮಂಥ ಕೆಲವೇ ಮನೆಗಳ ಕಥೆಯೆಂದು ತಿಳಿಯಬಾರದು; ಕೇಂದ್ರ ಸರ್ಕಾರ 2007ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ 13 ರಾಜ್ಯಗಳ 12,447 ಮಕ್ಕಳನ್ನು ಮಾತನಾಡಿಸಿದಾಗ ಮೂವರಲ್ಲಿ ಇಬ್ಬರು ಮೈಮೇಲೆ ಏಟು ತಿಂದವರಾಗಿದ್ದರು. ಯಾರ ಮನೆಯಲ್ಲಿ ಯಾವ ಹೊತ್ತಿಗೆ ದೊಡ್ಡವರ ಭುಜ ಮೇಲೇರುತ್ತದೆಯೋ, ಪರೀಕ್ಷೆಯ ಅಂಕಪಟ್ಟಿ ಬಂದಾಗಲೋ, ಮಗಳು ಸಂಜೆ ತಡವಾಗಿ ಬಂದಾಗಲೋ, ಹಣದ ಲೆಕ್ಕ ತಪ್ಪಿದಾಗಲೋ, ಆ ಹೊತ್ತಿನ ಹಿಂದೆ ಯಾರೂ ಕೇಳದ ಒಂದು ಪ್ರಶ್ನೆ ಇರಬಹುದು. ಅದನ್ನು ತಿಳಿದ ಹಿರಿಯರು ಮನೆಯಲ್ಲಿ ಬದುಕಿದ್ದರೆ ಅವರನ್ನೂ ಕರೆದುಕೊಂಡು ಹೋಗಿ. ನನ್ನ ತಾಯಿ ಬರದಿದ್ದರೆ ನಮ್ಮ ನಕ್ಷೆಯಲ್ಲಿ ತಾತನ ಚೌಕ ಖಾಲಿಯಾಗಿ ಉಳಿಯುತ್ತಿತ್ತು.

ಮಗ ಸೆಪ್ಟೆಂಬರಿನಿಂದ ನಮ್ಮೊಂದಿಗೆ ಕುಳಿತು ಉಣ್ಣುತ್ತಿದ್ದಾನೆ, ಎಲ್ಲ ದಿನವೂ ಅಲ್ಲ. ಅನ್ನ ಬಿಡುತ್ತಾನೆ, ನಾನು ನೋಡುವುದಿಲ್ಲ. ಗುರುವಾರದ ಒಪ್ಪತ್ತನ್ನು ನಾನು ಬಿಟ್ಟಿದ್ದೇನೆ. ತಾಯಿ ಬಿಟ್ಟಿಲ್ಲ; ಮಾವನವರಿಗೆ ಅದು ಏನಾಗಿತ್ತೋ, ನನಗೆ ರಾಯರ ಸೇವೆಯೇ ಎನ್ನುತ್ತಾರೆ, ಐವತ್ತು ವರ್ಷದ ಆ ಭಕ್ತಿ ಅವರದೇ ಆದದ್ದು. ಹತ್ತನೆಯ ಭೇಟಿ ಡಿಸೆಂಬರ್ ಮೊದಲ ವಾರದಲ್ಲಿದೆ. ಮಗ ತಾನು ಬರುವುದಿಲ್ಲವೆಂದಿದ್ದಾನೆ, ಬಲವಂತ ಮಾಡಬೇಡಿ ಎಂದು ಸಮಾಲೋಚಕಿ ಹೇಳಿದ್ದಾರೆ. ತಾಯಿ ಬರುತ್ತೇನೆಂದರು, ಆದರೆ ಕೇಂದ್ರದಲ್ಲಿ ಖಾಲಿಯಿದ್ದದ್ದು ಗುರುವಾರ ಸಂಜೆ ಮಾತ್ರ, ಅವರಿಗೆ ಅದು ಮಠಕ್ಕೆ ಹೋಗುವ ಹೊತ್ತು. ಒಂದು ವಾರ ಮುಂದೆ ಹಾಕಿ ಬುಧವಾರಕ್ಕೆ ಬರೆಸಿ ಬಂದಿದ್ದೇನೆ.